ಬಂದೂಕು ತೆಗೆಯಲು ಹಿಂಜರಿಯುವ ಹೀರೊ: ಸೀರಿಯಲ್ ಬರೆಯುವ ತಮ್ಮನಿಗೆ

ಪ್ರೀತಿಯ ತಮ್ಮಾ,

ನಿನ್ನ ಮೇಲ್ ಓದಿದೆ. ಅತ್ತೆ, ಸೊಸೆ, ಸವತಿ, ನೆನಪು ಕಳೆದುಕೊಂಡ ಗಂಡ, ಇಷ್ಟರಲ್ಲೇ ಗಿರಕಿ ಹೊಡೆಯುವ ಕಡೆ ಬರಹಗಾರನಿಗೇನು ಕೆಲಸ, ಸೀರಿಯಲ್ ಬಿಟ್ಟು ಕಾದಂಬರಿ ಬರೆಯುತ್ತೇನೆ ಅಂದಿದ್ದೀಯ. ಬರಿ, ಬೇಡ ಅನ್ನುವುದಿಲ್ಲ. ಅದಕ್ಕೂ ಮುಂಚೆ ರಾಯ್ ಹಗಿನ್ಸ್ ಎಂಬಾತನ ಕಥೆ ಕೇಳಿಸಿಕೊ. ಅವನು ಬಂದದ್ದು ನೀನು ಹೊರಟಿರುವ ದಾರಿಯ ಆ ತುದಿಯಿಂದ.

ಹುಟ್ಟಿದ್ದು 1914ರಲ್ಲಿ, ಅಮೆರಿಕದ ವಾಷಿಂಗ್ಟನ್ ರಾಜ್ಯದಲ್ಲಿ. 1946ರಲ್ಲಿ ಮೊದಲ ಪತ್ತೇದಾರಿ ಕಾದಂಬರಿ, ಆಮೇಲೆ ಸಿನಿಮಾ, 1955ರಲ್ಲಿ ವಾರ್ನರ್ ಬ್ರದರ್ಸ್‌ನಲ್ಲಿ ಟಿವಿ ನಿರ್ಮಾಪಕ. ಅಲ್ಲಿ ಕೈಗೆ ಬಂದದ್ದು ‘ಶಯಾನ್’ ಎಂಬ ಕೌಬಾಯ್ ಸರಣಿ. ಅದು ಅಮೆರಿಕದ ಟಿವಿಗೆ ಕೌಬಾಯ್ ಹುಚ್ಚು ಹಿಡಿದಿದ್ದ ಕಾಲ. 1958-59ರ ಸೀಸನ್ನಿನಲ್ಲಿ ಟಾಪ್ ಹತ್ತು ಕಾರ್ಯಕ್ರಮಗಳಲ್ಲಿ ಏಳು ವೆಸ್ಟರ್ನ್‌ಗಳೇ. ಹೀರೊ ಊರಿಗೆ ಬರಬೇಕು, ಕೆಟ್ಟವನನ್ನು ಹೊಡೆಯಬೇಕು, ಕುದುರೆ ಹತ್ತಿ ಹೋಗಬೇಕು. ನಿನ್ನ ಸವತಿ ಟ್ರ್ಯಾಕೇ ಇದಕ್ಕಿಂತ ವಿಶಾಲವಾಗಿದೆ.

1957ರಲ್ಲಿ ಎಬಿಸಿ ಚಾನೆಲ್‌ನಲ್ಲಿ ಹಗಿನ್ಸನ ‘ಮ್ಯಾವರಿಕ್’ ಶುರುವಾಯಿತು. ಧೂಳು ಬೀದಿ, ಹೆಂಡದಂಗಡಿ, ಶೆರಿಫ್, ಕುದುರೆ ಎಲ್ಲ ಇದ್ದಂತೆಯೇ ಇದ್ದವು. ಅವನು ಕಿತ್ತು ಹಾಕಿದ್ದು ಹೀರೊನ ವೀರಾವೇಶವೊಂದನ್ನೇ. ಜೇಮ್ಸ್ ಗಾರ್ನರ್ ಮಾಡಿದ ಬ್ರೆಟ್ ಮ್ಯಾವರಿಕ್ ಇಸ್ಪೀಟು ಆಡಿ ಬದುಕುವವನು. ಬಂದೂಕು ತೆಗೆಯುವುದರಲ್ಲಿ ನಿಧಾನ, ಜಗಳ ಕಂಡರೆ ಹಿಂಬಾಗಿಲು ಹುಡುಕುತ್ತಾನೆ. ಆಪತ್ತಿಗಿರಲಿ ಅಂತ ಕೋಟಿನ ಒಳಗೆ ಸಾವಿರ ಡಾಲರ್ ನೋಟಿಗೆ ಪಿನ್ ಹಾಕಿಕೊಂಡಿರುತ್ತಾನೆ.

1958ರ ಒಂದು ಎಪಿಸೋಡ್ ಸಿಕ್ಕರೆ ಕಾಗದ-ಪೆನ್ನು ಇಟ್ಟುಕೊಂಡು ನೋಡು. ಬ್ರೆಟ್ ರಾತ್ರಿ ಬ್ಯಾಂಕಿನವನ ಕೈಗೆ ಹದಿನೈದು ಸಾವಿರ ಡಾಲರ್ ಕೊಡುತ್ತಾನೆ. ಬೆಳಿಗ್ಗೆ ಹೋದರೆ ‘ನೀವ್ಯಾರು?’ ಅನ್ನುತ್ತಾನೆ ಆ ಭೂಪ. ಮಾಮೂಲಿ ಹೀರೊ ಆಗಿದ್ದರೆ ಅಲ್ಲೇ ಫೈಟ್. ಬ್ರೆಟ್ ಬ್ಯಾಂಕಿನ ಎದುರಿಗೆ ಕುರ್ಚಿ ಹಾಕಿಕೊಂಡು ಕೂತು, ಚಾಕುವಿನಿಂದ ಕಡ್ಡಿ ಕೆತ್ತುತ್ತಾನೆ. ದುಡ್ಡು ಹೇಗೆ ವಾಪಸ್ ತರ್ತೀಯಪ್ಪ ಅಂತ ಊರವರು ಬಂದು ಛೇಡಿಸಿದಾಗಲೆಲ್ಲ, ಅದೇ ಕೆಲಸದಲ್ಲಿದ್ದೀನಿ ಅನ್ನುತ್ತಾನೆ. ಅತ್ತ ಅವನ ಸಹೋದರ ಬಾರ್ಟ್, ಸರಣಿಯಲ್ಲಿ ಹಿಂದೆ ಬಂದುಹೋದ ಮೋಸಗಾರರನ್ನೆಲ್ಲ ಸೇರಿಸಿಕೊಂಡು ಬ್ಯಾಂಕಿನವನನ್ನು ಬಲೆಗೆ ಕೆಡವುತ್ತಾನೆ. ಹೀರೊ ಕೂತಲ್ಲಿಂದ ಏಳದೆ ಎಪಿಸೋಡ್ ಗೆಲ್ಲುತ್ತದೆ.

ಈ ಬಾರ್ಟ್ ಹುಟ್ಟಿದ ಕಾರಣ ಕೇಳಿದರೆ ನಮ್ಮ ಪ್ರೊಡಕ್ಷನ್ ಮ್ಯಾನೇಜರುಗಳು ಖುಷಿಪಡುತ್ತಾರೆ. ಒಂದು ಗಂಟೆಯ ಎಪಿಸೋಡ್ ಶೂಟ್ ಮಾಡಲು ಎಂಟು ದಿನ ಬೇಕು, ವಾರಕ್ಕೊಂದು ಪ್ರಸಾರ ಆಗಲೇಬೇಕು. ಮುಂಚಿತವಾಗಿ ಶೂಟ್ ಮಾಡಿಟ್ಟ ಎಪಿಸೋಡುಗಳು ಎಲ್ಲಿಂದ ಬರಬೇಕು? ಹಾಗಾಗಿ ಜ್ಯಾಕ್ ಕೆಲ್ಲಿಯನ್ನು ತಂದು ಸಹೋದರ ಅಂದರು, ಎರಡು ಯೂನಿಟ್ ಒಟ್ಟಿಗೆ ಓಡಿಸಿದರು. ಡೇಟ್ಸ್ ಸಮಸ್ಯೆಗೆ ಸಿಕ್ಕ ಪರಿಹಾರವೇ ಆ ಸರಣಿಯ ಜೀವಾಳವಾಯಿತು. ನೀನು ಡೇಟ್ಸ್ ಇಲ್ಲ ಅಂತ ನಟಿಯನ್ನು ತೀರ್ಥಯಾತ್ರೆಗೆ ಕಳಿಸಿ ಕೈತೊಳೆದುಕೊಂಡಿದ್ದೀಯಲ್ಲ, ಅದಕ್ಕೇ ಹೇಳಿದೆ.

ಸಮಯದ ಲೆಕ್ಕವೂ ಹಾಗೇ. ಭಾನುವಾರ ರಾತ್ರಿ ಎಂಟಕ್ಕೆ ಎದುರು ಚಾನೆಲ್‌ನಲ್ಲಿ ಎಡ್ ಸುಲಿವನ್, ಇನ್ನೊಂದರಲ್ಲಿ ಸ್ಟೀವ್ ಆಲನ್, ಹಾಡು-ಹಾಸ್ಯದ ಶೋ ನಡೆಸುತ್ತಿದ್ದ ಇಬ್ಬರೂ ಘಟಾನುಘಟಿಗಳು. ‘ಮ್ಯಾವರಿಕ್’ ಏಳೂವರೆಗೇ ಶುರುವಾಗುತ್ತಿತ್ತು. ಎಂಟಾಗುವಷ್ಟರಲ್ಲಿ ಪ್ರೇಕ್ಷಕ ಕಥೆಯ ನಡುವೆ ಸಿಕ್ಕಿಬಿದ್ದಿರುತ್ತಿದ್ದ. ಇಂಥದ್ದನ್ನು ತಿಳಿದು ಬರೆಯುವವನಿಗೂ, ಬರೆದು ಕೊಟ್ಟು ಮನೆಗೆ ಹೋಗುವವನಿಗೂ ವ್ಯತ್ಯಾಸವಿದೆ.

ಈಗ ನೀನು ಕೇಳದ, ಆದರೆ ನಾನು ಹೇಳಲೇಬೇಕಾದ ಮಾತು. ‘ಮ್ಯಾವರಿಕ್’ನ ಟೈಟಲ್‌ನಲ್ಲಿ ಸೃಷ್ಟಿಕರ್ತ ಅಂತ ಹಗಿನ್ಸನ ಹೆಸರು ಬರಲಿಲ್ಲ. ಮೊದಲು ಶೂಟ್ ಆಗಿದ್ದ ಅವನ ಕಥೆಯನ್ನು ಪಕ್ಕಕ್ಕಿಟ್ಟು, ತಾನು ಹಕ್ಕು ಕೊಂಡಿದ್ದ ಪುಸ್ತಕವೊಂದನ್ನು ಆಧರಿಸಿದ ಎಪಿಸೋಡನ್ನು ಸ್ಟುಡಿಯೋ ಮೊದಲು ಪ್ರಸಾರ ಮಾಡಿತು. ಅಲ್ಲಿಗೆ ಸರಣಿ ಹುಟ್ಟಿದ್ದು ಪುಸ್ತಕದಿಂದ ಅಂತಾಯಿತು, ಸೃಷ್ಟಿಕರ್ತನಿಗೆ ಕೊಡಬೇಕಾದ ಗೌರವಧನದ ಪ್ರಶ್ನೆಯೇ ಏಳಲಿಲ್ಲ. 1958ರ ‘77 ಸನ್‌ಸೆಟ್ ಸ್ಟ್ರಿಪ್’ ಹೊತ್ತಿಗೂ ಅದೇ ಆಟ. ಅದರ ಪತ್ತೇದಾರ ಹಗಿನ್ಸನ ಮೊದಲ ಕಾದಂಬರಿಯವನೇ. ಆದರೂ ಪೈಲಟ್ ಎಪಿಸೋಡನ್ನು, ಅಂದರೆ ಪರೀಕ್ಷೆಗೆಂದು ತೆಗೆದ ಮೊದಲ ಕಂತನ್ನು, ಎಲ್ಲೋ ದೂರದ ಥಿಯೇಟರಿನಲ್ಲಿ ನಾಮ್ ಕೇ ವಾಸ್ತೆ ಓಡಿಸಿ, ಸರಣಿ ಬಂದದ್ದು ‘ಸಿನಿಮಾ’ದಿಂದ ಅಂದುಬಿಟ್ಟರು. ಎರಡು ಸೀಸನ್ ಮುಗಿಸಿ ಅವನು ‘ಮ್ಯಾವರಿಕ್’ ಬಿಟ್ಟ. 1960ರಲ್ಲಿ ಬರಹಗಾರರು ಮುಷ್ಕರ ಹೂಡಿದಾಗ ಇದೇ ಸ್ಟುಡಿಯೋ ಒಂದು ಸರಣಿಯ ಸ್ಕ್ರಿಪ್ಟನ್ನು ಇನ್ನೊಂದಕ್ಕೆ ತಿರುವಿ ಹಾಕಿ, ಬರೆದವರು ಡಬ್ಲ್ಯೂ. ಹರ್ಮಾನೋಸ್ ಅಂತ ಇಲ್ಲದ ಮನುಷ್ಯನ ಹೆಸರು ಹಾಕಿತು. ನಗು ಬರುತ್ತದೆ. ಬೇರೆಯವರ ವಿಷಯವಾದ್ದರಿಂದ ಬರುತ್ತದೆ.

ಆಮೇಲೆ ಅವನು ಹುಷಾರಾದ. ಕೌಬಾಯ್ ಹೀರೊಗೆ ಮನೆಯಿಲ್ಲ, ಹೊಣೆಯಿಲ್ಲ, ಊರೂರು ಅಲೆಯುತ್ತಾನೆ. ಈ ಕಾಲದ ಗೃಹಸ್ಥನೊಬ್ಬ ಹಾಗೆ ಅಲೆಯಬೇಕಾದರೆ ಏನಾಗಿರಬೇಕು? ಮಾಡದ ಕೊಲೆಗೆ ಶಿಕ್ಷೆಯಾಗಿ ತಪ್ಪಿಸಿಕೊಂಡಿರಬೇಕು. 1963ರ ‘ದಿ ಫ್ಯುಜಿಟಿವ್’ ಹೀಗೆ ಬಂತು. ನಿರ್ಮಾಪಕ ಕ್ವಿನ್ ಮಾರ್ಟಿನ್, ಆದರೆ ಸೃಷ್ಟಿ ರಾಯ್ ಹಗಿನ್ಸ್ ಅಂತ ಪರದೆಯ ಮೇಲೆ ಬಂತು. ಮುಂದೆ ಕಾರು ಹತ್ತಿ ಒಬ್ಬನೇ ದೂರ ಹೋಗಿ, ಡ್ರೈವ್ ಮಾಡುತ್ತಾ ಕಥೆಯನ್ನು ಟೇಪಿಗೆ ಹೇಳಿ, ವಿಸ್ತರಿಸಲು ಬೇರೆ ಬರಹಗಾರರಿಗೆ ಕೊಡುತ್ತಿದ್ದ. ಕಥೆ ಜಾನ್ ಥಾಮಸ್ ಜೇಮ್ಸ್ ಅಂತ ಹಾಕಿಸುತ್ತಿದ್ದ, ಅವು ಅವನ ಮಕ್ಕಳ ಹೆಸರು.

ಅವನನ್ನು ದೇವರ ಪಟದ ಪಕ್ಕ ಇಡಬೇಡ. 1952ರಲ್ಲಿ ಕಮ್ಯುನಿಸ್ಟರ ಬೇಟೆ ನಡೆಸಿದ್ದ ಸಂಸದೀಯ ಸಮಿತಿಯ ಮುಂದೆ ಹಳೆಯ ಒಡನಾಡಿಗಳ ಹೆಸರು ಹೇಳಿ ಬಂದವನು. ಅವನ ಕಸುಬನ್ನು ಮೆಚ್ಚುವಾಗಲೂ ನನಗೆ ಅದು ಮರೆಯುವುದಿಲ್ಲ.

ನಿನ್ನ ಹೊಸ ಪ್ರಾಜೆಕ್ಟಿನ ಅಗ್ರಿಮೆಂಟ್ ಬಂದಿದೆ ಅಂದೆಯಲ್ಲ, ಸಹಿ ಹಾಕುವ ಮುಂಚೆ ನನಗೊಂದು ಕಾಪಿ ಕಳಿಸು. ಕಥೆ ಯಾರದು, ಚಿತ್ರಕಥೆ ಯಾರದು, ಬೇರೆ ಭಾಷೆಗೆ ರೀಮೇಕ್ ಆದರೆ ನಿನಗೇನು, ಮೂರನ್ನೂ ಪೆನ್ಸಿಲ್‌ನಲ್ಲಿ ಗುರುತು ಹಾಕಿರು. ಆ ಸವತಿ ಪಾತ್ರದ ಒನ್‌ಲೈನ್ ಕೂಡ ಇರಲಿ. ಅವಳು ಯಾಕೆ ಯಾವಾಗಲೂ ವಿಷ ಬೆರೆಸುತ್ತಿರಬೇಕು, ಬಂದ ದಿನವೇ ವಾಪಸ್ ಹೋಗಲು ಬಸ್ಸಿಗೆ ಕಾಯುವವಳಾದರೆ ಹೇಗೆ ಅಂತ ಯೋಚಿಸಿ ನೋಡು.

ಪ್ರೀತಿಯಿಂದ,
ಅಕ್ಕ