ಮುಳುಗಡೆಯ ಸೀಮೆಯಿಂದ ಬಂದ ಮೇಯರ್

ಕೊರ್ನೆಲ್ಯಾ, ಬಾರ್ಸೆಲೋನಾ

ಪೂಜ್ಯ ದೊಡ್ಡಪ್ಪನವರಿಗೆ ನಿಮ್ಮ ಕೂಸು ಮಾಡುವ ನಮಸ್ಕಾರಗಳು. ನಾವಿಬ್ಬರೂ ಇಲ್ಲಿ ಕ್ಷೇಮವಾಗಿದ್ದೇವೆ. ದೊಡ್ಡಮ್ಮನ ಮಂಡಿ ನೋವು ಕಡಿಮೆಯಾಗಿದೆ ಎಂದು ತಿಳಿದು ಸಮಾಧಾನವಾಯಿತು.

ಕಳೆದ ವಾರ ಫೋನಿನಲ್ಲಿ ನೀವು, ‘ನಿಮ್ಮ ಊರಿನಲ್ಲಿ ಪಂಚಾಯ್ತಿಯಿಂದ ಮೆಟ್ಟಿಲು ಹತ್ತಿ ವಿಧಾನಸೌಧ ಸೇರಿದವರು ಯಾರಾದರೂ ಇದ್ದಾರೆಯೇ, ಇಲ್ಲ ಅಲ್ಲಿಯೂ ಅಪ್ಪನ ಕುರ್ಚಿ ಮಗನಿಗೇ ಬರುತ್ತದೆಯೇ?’ ಎಂದು ಕೇಳಿದಿರಿ. ಅದಕ್ಕೆ ಫೋನಿನಲ್ಲಿ ಉತ್ತರ ಹೇಳಿ ಮುಗಿಸುವಂತಿರಲಿಲ್ಲ. ಮೂರು ಅವಧಿ ಪಂಚಾಯ್ತಿಯಲ್ಲಿ ಕುಳಿತು, ನೀರಿನ ಪೈಪಿನ ಜಗಳದಿಂದ ಹಿಡಿದು ದನದ ಪೌಂಡಿನವರೆಗೆ ಎಲ್ಲವನ್ನೂ ನೋಡಿದ ನಿಮಗೆ ಈ ಕಥೆಯನ್ನು ವಿವರವಾಗಿಯೇ ಬರೆಯಬೇಕೆನ್ನಿಸಿತು. ನಾನು ಬಾಡಿಗೆಗಿರುವ ಇದೇ ಕೊರ್ನೆಲ್ಯಾ ಪಟ್ಟಣಕ್ಕೆ 19 ವರ್ಷ ಮೇಯರ್ ಆಗಿದ್ದ ಹೊಸೆ ಮೊಂತಿಯಾ ಎಂಬವರು ಮುಂದೆ, ಸ್ಪೇನಿನೊಳಗೆ ನಮ್ಮ ರಾಜ್ಯದಂತಿರುವ ಇಡೀ ಕತಲೋನಿಯಾದ ಸರ್ಕಾರಕ್ಕೆ ಅಧ್ಯಕ್ಷರಾದರು. ಆ ಸರ್ಕಾರವನ್ನು ಇಲ್ಲಿ ಜೆನೆರಾಲಿತಾತ್ ಎನ್ನುತ್ತಾರೆ. ಅದರ ಅಧ್ಯಕ್ಷರೆಂದರೆ ನಮ್ಮ ಮುಖ್ಯಮಂತ್ರಿಗಳಿದ್ದ ಹಾಗೆ. ಶಾಲೆ, ಆಸ್ಪತ್ರೆ, ಪೊಲೀಸು ಎಲ್ಲವೂ ಅವರ ಕೈಕೆಳಗೆ ಬರುತ್ತವೆ.

ಮೊದಲು ಅವರ ಊರಿನ ವಿಷಯವನ್ನು ಹೇಳುತ್ತೇನೆ, ಏಕೆಂದರೆ ನನಗೆ ಇವರ ಮೇಲೆ ಆಸಕ್ತಿ ಹುಟ್ಟಿದ್ದೇ ಅದರಿಂದ. ಮೊಂತಿಯಾ ಕತಲೋನಿಯಾದವರಲ್ಲ. ಸ್ಪೇನಿನ ದಕ್ಷಿಣದ ಆಂದಲೂಸಿಯಾದಲ್ಲಿ, ಕೊರ್ದೊಬಾ ಪ್ರಾಂತ್ಯದ ಇಸ್ನಾಹಾರ್ ಎಂಬ ಗುಡ್ಡದ ಮೇಲಿನ ಊರಿನಲ್ಲಿ 1955ರಲ್ಲಿ ಹುಟ್ಟಿದವರು. 1960ರ ದಶಕದಲ್ಲಿ ಹೆನಿಲ್ ನದಿಗೆ ಅಲ್ಲಿ ಅಣೆಕಟ್ಟು ಕಟ್ಟಿದರು. ಆಂದಲೂಸಿಯಾದಲ್ಲಿ ಅದಕ್ಕಿಂತ ದೊಡ್ಡ ಜಲಾಶಯ ಇನ್ನೊಂದಿಲ್ಲ. ಗುಡ್ಡದ ಮೇಲಿನ ಊರು ಉಳಿಯಿತು, ಕೆಳಗಿನ ಫಲವತ್ತಾದ ಬಯಲು ಮುಳುಗಿತು. ಉಳುವುದಕ್ಕೆ ನೆಲವಿಲ್ಲದ ಜನ ಗಂಟುಮೂಟೆ ಕಟ್ಟಿಕೊಂಡು ಬಾರ್ಸೆಲೋನಾದ ಕಾರ್ಖಾನೆಗಳ ಕಡೆಗೆ ರೈಲು ಹತ್ತಿದರು. ಲಿಂಗನಮಕ್ಕಿಯ ನೀರು ಏರಿದ 1964ರಲ್ಲಿ ಅಜ್ಜ ಅಡಿಕೆ ತೋಟವನ್ನು ಬಿಟ್ಟು, ಬಾಗಿಲ ದಾರಂದವನ್ನೂ ಕಿತ್ತು ಗಾಡಿಗೆ ಹೇರಿಕೊಂಡು ಬಂದ ಕಥೆಯನ್ನು ನಿಮ್ಮ ಬಾಯಿಂದಲೇ ಕೇಳಿ ಬೆಳೆದ ನನಗೆ, ಬೇರೆ ಯಾವ ವಿವರವೂ ಬೇಕಾಗದೆ ಆ ಜಾಗ ಅರ್ಥವಾಯಿತು. ನಮ್ಮ ಮೇಲಿನ ಮಹಡಿಯಲ್ಲಿರುವ ಎಂಬತ್ತು ದಾಟಿದ ಅಜ್ಜಿಯೂ ಆ ಕಡೆಯವರೇ. ಅವರ ಗೋಡೆಯಲ್ಲಿ, ಮೂರು ಕಡೆ ನೀರು ಆವರಿಸಿದ ಬಿಳಿ ಮನೆಗಳ ಗುಡ್ಡದ ಚಿತ್ರವೊಂದು ಇದೆ. ನಾವು ‘ಮುಳುಗಡೆ’ ಎನ್ನುವ ಹಾಗೆ ಅವರು ಒಂದೇ ಮಾತಿನಲ್ಲಿ ‘ನೀರು’ ಎನ್ನುತ್ತಾರೆ: ನೀರಿಗೆ ಮುಂಚೆ, ನೀರಿನ ಮೇಲೆ.

ಹದಿನಾರನೆಯ ವಯಸ್ಸಿನಲ್ಲಿ, 1971ರಲ್ಲಿ, ಮೊಂತಿಯಾ ನಮ್ಮ ಪಕ್ಕದ ಪಟ್ಟಣವಾದ ಸಾನ್ ಜುವಾನ್ ದೆಸ್ಪೀಗೆ ಬಂದರು. ಆಗ ಫ್ರಾಂಕೋನ ಸರ್ವಾಧಿಕಾರ ಇನ್ನೂ ನಡೆಯುತ್ತಿತ್ತು. ಪಕ್ಷಗಳಿಗೆ ನಿಷೇಧವಿತ್ತು, ಕತಲಾನ್ ಭಾಷೆಗೆ ಕಚೇರಿಯಲ್ಲಿಯೂ ಶಾಲೆಯಲ್ಲಿಯೂ ಜಾಗವಿರಲಿಲ್ಲ. ಲ್ಯೊಬ್ರೆಗಾತ್ ನದಿಯ ಈ ಕೈಗಾರಿಕಾ ಪಟ್ಟಿ ಮುಷ್ಕರಗಳಿಗೆ ಹೆಸರಾಗಿತ್ತು. ಕದ್ದುಮುಚ್ಚಿ ನಡೆಯುತ್ತಿದ್ದ ಎಡಪಂಥೀಯ ಗುಂಪುಗಳಲ್ಲಿ ಓಡಾಡಿ, ಕಾನೂನು ಮತ್ತು ಅರ್ಥಶಾಸ್ತ್ರದ ಓದನ್ನು ಅರ್ಧಕ್ಕೇ ಬಿಟ್ಟು, 1978ರಲ್ಲಿ ಅವರು ಕತಲೋನಿಯಾದ ಸಮಾಜವಾದಿ ಪಕ್ಷವನ್ನು ಸೇರಿದರು. ಸರ್ವಾಧಿಕಾರ ಮುಗಿದ ಮೇಲಿನ ಮೊದಲ ಪುರಸಭಾ ಚುನಾವಣೆ 1979ರ ಏಪ್ರಿಲ್ 3ರಂದು ನಡೆಯಿತು. ಆ ವರ್ಷ ಇಪ್ಪತ್ತನಾಲ್ಕರ ಹುಡುಗ ಸಾನ್ ಜುವಾನ್ ದೆಸ್ಪೀಯಲ್ಲಿ ಕೌನ್ಸಿಲರ್ ಆದರು. 1983ರಲ್ಲಿ ಕೊರ್ನೆಲ್ಯಾಕ್ಕೆ ಬಂದು, 1985ರಲ್ಲಿ, ಅವಧಿಯ ನಡುವೆಯೇ, ಮೂವತ್ತನೆಯ ವಯಸ್ಸಿಗೆ ಮೇಯರ್ ಆದರು.

ಇಲ್ಲಿನ ಪದ್ಧತಿ ನಿಮಗೆ ಸ್ವಲ್ಪ ವಿಚಿತ್ರವೆನ್ನಿಸಬಹುದು. ವಾರ್ಡು ಎಂಬುದಿಲ್ಲ. ಮತದಾರ ವ್ಯಕ್ತಿಗೆ ಮತ ಹಾಕುವುದಿಲ್ಲ, ಪಕ್ಷ ಮುದ್ರಿಸಿ ಕೊಟ್ಟ ಹೆಸರುಗಳ ಪಟ್ಟಿಯನ್ನು ಹಾಗೆಯೇ ಲಕೋಟೆಗೆ ಹಾಕಿ ಪೆಟ್ಟಿಗೆಗೆ ಬಿಡುತ್ತಾನೆ. ನಮ್ಮ ಊರಿಗೆ 25 ಜನ ಕೌನ್ಸಿಲರುಗಳು. ಪಕ್ಷಗಳು ಪಡೆದ ಮತದ ಪ್ರಮಾಣಕ್ಕೆ ತಕ್ಕಂತೆ ಆ ಸ್ಥಾನಗಳು ಹಂಚಿಕೆಯಾಗುತ್ತವೆ, ಮತ್ತು ನಿಮ್ಮ ಪಂಚಾಯ್ತಿಯಲ್ಲಿ ಸದಸ್ಯರು ಅಧ್ಯಕ್ಷರನ್ನು ಆರಿಸಿದಂತೆ ಅವರೇ ಮೇಯರನ್ನು ಆರಿಸುತ್ತಾರೆ. ಆದರೆ ಇಲ್ಲಿ ನಮ್ಮಲ್ಲಿಯಂತೆ ಆ ಸ್ಥಾನದ ಮೀಸಲಾತಿ ಸರದಿಯಂತೆ ತಿರುಗುವುದಿಲ್ಲ, ಇಷ್ಟೇ ಅವಧಿ ಎಂಬ ಮಿತಿಯೂ ಇಲ್ಲ. ಆದ್ದರಿಂದ ಒಬ್ಬರೇ ಹತ್ತೊಂಬತ್ತು ವರ್ಷ ಕುಳಿತಿರಲು ಸಾಧ್ಯವಾಯಿತು. ಅವರ ನಂತರ 2004ರಲ್ಲಿ ಬಂದವರೂ ಅದೇ ಪಕ್ಷದವರು. ಇಪ್ಪತ್ತು ವರ್ಷ ದಾಟಿದರೂ ಅವರು ಇನ್ನೂ ಎದ್ದಿಲ್ಲ! ಇದು ಒಳ್ಳೆಯದೆಂದು ನಾನು ಹೇಳಲಾರೆ.

ಮೊಂತಿಯಾ ಪಡೆದ ಊರು ಹೇಗಿತ್ತೆಂದರೆ, ನಾನಿರುವ ಸಾಂತ್ ಇಲ್ದೆಫೋನ್ಸ್ ಬಡಾವಣೆಯನ್ನೇ ನೋಡಬೇಕು. ವಲಸೆ ಬಂದವರಿಗಾಗಿ 1960ರ ದಶಕದಲ್ಲಿ ಒಂದಕ್ಕೊಂದು ಅಂಟಿಕೊಂಡಂತೆ ಎಬ್ಬಿಸಿದ ಎತ್ತರದ ಕಟ್ಟಡಗಳ ಸಾಲು ಇದು. ಹಳಬರು ಇದನ್ನು ಈಗಲೂ ‘ಸತೇಲಿತೆ’, ಅಂದರೆ ಉಪಗ್ರಹ, ಎಂದೇ ಕರೆಯುತ್ತಾರೆ. ಮನೆಗಳು ಮೊದಲು ಬಂದವು, ಊರು ಆಮೇಲೆ ಬಂತು. ಮೆಟ್ರೋ ಇಲ್ಲಿಗೆ ತಲುಪಿದ್ದು 1976ರಲ್ಲಿ. ಶಾಲೆ, ಉದ್ಯಾನ, ಗ್ರಂಥಾಲಯ, ಕಾಲುದಾರಿ ಇವುಗಳನ್ನೆಲ್ಲ ಒಂದೊಂದಾಗಿ ಹೊಂದಿಸುವುದೇ ಅಂದಿನ ಮೇಯರುಗಳ ಆಯುಷ್ಯದ ಕೆಲಸವಾಗಿತ್ತು. ನಮ್ಮ ಕಿಟಕಿಯ ಕೆಳಗಿನ ಚೌಕದಲ್ಲಿ ಸಂಜೆ ಕಲ್ಲುಬೆಂಚಿನ ಮೇಲೆ ಕೂರುವ ಮುದುಕರು ಪದದ ಕೊನೆಯ ‘ಸ’ಕಾರವನ್ನು ನುಂಗುವ ಆಂದಲೂಸಿಯಾದ ಸ್ಪ್ಯಾನಿಷಿನಲ್ಲಿ ಹರಟುತ್ತಾರೆ; ಅವರ ಬೆನ್ನ ಹಿಂದಿನ ಪುರಸಭೆಯ ಫಲಕ ಕತಲಾನಿನಲ್ಲಿ ಇರುತ್ತದೆ. ಎರಡರ ನಡುವೆ ಯಾರಿಗೂ ಏನೂ ತೊಡಕು ಕಾಣುವುದಿಲ್ಲ.

ಮುಂದಿನ ಮೆಟ್ಟಿಲುಗಳಲ್ಲಿ ಮುಖ್ಯವಾದದ್ದು ಪಕ್ಷದೊಳಗಿನದು. ಸಮಾಜವಾದಿ ಪಕ್ಷದ ನಾಯಕತ್ವ ಬಹುಕಾಲ ಬಾರ್ಸೆಲೋನಾದ ವಿದ್ಯಾವಂತ, ಕತಲಾನ್ ಮನೆಮಾತಿನ ಕುಟುಂಬಗಳವರ ಕೈಯಲ್ಲಿತ್ತು. ಮತ ಬರುತ್ತಿದ್ದದ್ದು ಮಾತ್ರ ನಮ್ಮಂಥ ಉಪನಗರಗಳ ವಲಸಿಗರಿಂದ. 1994ರಲ್ಲಿ ಸಿಜ್ಜೆಸ್ ಪಟ್ಟಣದಲ್ಲಿ ನಡೆದ ಪಕ್ಷದ ಅಧಿವೇಶನದಲ್ಲಿ ಈ ಉಪನಗರಗಳ ಸ್ಥಳೀಯ ಮುಖಂಡರು ಪಕ್ಷದ ಹಿಡಿತವನ್ನು ತಮ್ಮ ಕಡೆಗೆ ಎಳೆದುಕೊಂಡರು. ಪತ್ರಿಕೆಗಳು ಅವರಿಗೆ ‘ಕ್ಯಾಪ್ಟನ್‌ಗಳು’ ಎಂಬ ಹೆಸರಿಟ್ಟವು. ಮೊಂತಿಯಾ ಅವರಲ್ಲೊಬ್ಬರು. 2000ದಲ್ಲಿ ಅವರು ಪಕ್ಷದ ಪ್ರಥಮ ಕಾರ್ಯದರ್ಶಿ, ಅಂದರೆ ಪಕ್ಷದ ಮುಖ್ಯಸ್ಥರಾದರು. 2003ರಲ್ಲಿ, ನಮ್ಮ ಜಿಲ್ಲಾ ಪಂಚಾಯ್ತಿಗೆ ಹೋಲಿಸಬಹುದಾದ ಬಾರ್ಸೆಲೋನಾ ಪ್ರಾಂತ್ಯ ಮಂಡಳಿಯ ಅಧ್ಯಕ್ಷರೂ ಆದರು. ಅದಕ್ಕೆ ಜನರಿಂದ ನೇರ ಚುನಾವಣೆಯಿಲ್ಲ, ಪುರಸಭೆಗಳ ಕೌನ್ಸಿಲರುಗಳ ನಡುವಿನಿಂದಲೇ ಸದಸ್ಯರು ಬರುತ್ತಾರೆ. 2004ರ ಏಪ್ರಿಲ್ ತಿಂಗಳಲ್ಲಿ ನಮ್ಮ ಊರಿಗೆ ಟ್ರಾಮ್ ಓಡಲಾರಂಭಿಸಿತು. ಅದೇ ತಿಂಗಳು ಮೊಂತಿಯಾ ಕೇಂದ್ರದ ಕೈಗಾರಿಕಾ ಮಂತ್ರಿಯಾಗಿ ರಾಜಧಾನಿ ಮಾದ್ರಿದಿಗೆ ಹೋದರು.

2006ರ ನವೆಂಬರ್ 1ರ ಚುನಾವಣೆಯ ಫಲಿತಾಂಶ ನಿಮಗೆ ಖಂಡಿತ ಇಷ್ಟವಾಗುತ್ತದೆ. 135 ಸ್ಥಾನಗಳಲ್ಲಿ ಕತಲಾನ್ ರಾಷ್ಟ್ರೀಯವಾದಿಗಳ ಮೈತ್ರಿಕೂಟಕ್ಕೆ 48, ಮೊಂತಿಯಾ ಪಕ್ಷಕ್ಕೆ 37. ಆದರೆ ಸ್ವಾತಂತ್ರ್ಯವಾದಿ ಎಡಪಕ್ಷದ 21, ಹಸಿರು ಎಡಪಕ್ಷದ 12 ಸೇರಿಸಿ 70 ಮಾಡಿಕೊಂಡು, ಎರಡನೆಯ ಸ್ಥಾನದವರೇ ಸರ್ಕಾರ ಕಟ್ಟಿದರು. ನಮ್ಮ ಕರ್ನಾಟಕದಲ್ಲಿ 2018ರಲ್ಲಿ 104 ಗೆದ್ದವರು ಹೊರಗೆ ಕುಳಿತು, 37 ಗೆದ್ದವರ ನಾಯಕರು ಮುಖ್ಯಮಂತ್ರಿಯಾದ ದಿನ ನೀವು ಟಿವಿಯ ಮುಂದಿನಿಂದ ಏಳಲೇ ಇಲ್ಲವೆಂದು ದೊಡ್ಡಮ್ಮ ಬೈದದ್ದು ನನಗೆ ನೆನಪಿದೆ. ಸಂಖ್ಯೆಯೂ ಅದೇ ಮೂವತ್ತೇಳು ನೋಡಿ.

ಹೀಗೆ ಕತಲೋನಿಯಾದ ಹೊರಗೆ ಹುಟ್ಟಿದವರೊಬ್ಬರು ಈ ಕಾಲದಲ್ಲಿ ಮೊದಲ ಬಾರಿಗೆ ಆ ಕುರ್ಚಿಯಲ್ಲಿ ಕುಳಿತರು. ಅವರು ತಮ್ಮ ಹೆಸರನ್ನು ಹೊಸೆಯಿಂದ ‘ಜುಸೆಪ್’ ಎಂದು ಕತಲಾನ್ ಮಾಡಿಕೊಳ್ಳಲಿಲ್ಲ. ಅಪ್ಪ ಅಮ್ಮನ ಎರಡು ಉಪನಾಮಗಳ ನಡುವೆ ಇಲ್ಲಿನವರಂತೆ ‘ಇ’ ಎಂಬ ಒಂದಕ್ಷರವನ್ನು ಮಾತ್ರ ಸೇರಿಸಿದರು, ಹೊಸೆ ಮೊಂತಿಯಾ ಇ ಆಗಿಲೆರಾ ಎಂದು. ಆ ಒಂದಕ್ಷರದ ಲೆಕ್ಕಾಚಾರ ನನಗೆ ಬಹಳ ಹಿಡಿಸಿತು. ವಿಧಾನಮಂಡಲದಲ್ಲಿ ಅವರು ಆಡುತ್ತಿದ್ದ ಕತಲಾನ್ ತಡವರಿಸುತ್ತಿತ್ತು, ಉಚ್ಚಾರ ಸ್ಪ್ಯಾನಿಷಿನದಾಗಿತ್ತು. ದೂರದರ್ಶನದ ವಿಡಂಬನೆಯವರಿಗೆ ಅದು ವರ್ಷಗಟ್ಟಲೆ ಮೇವಾಯಿತು. ನಾನೂ ಈಗ ವಾರಕ್ಕೆರಡು ಸಂಜೆ ಕತಲಾನ್ ತರಗತಿಗೆ ಹೋಗುತ್ತೇನಾದ್ದರಿಂದ ಆ ನಗೆ ನನಗೆ ಸಲೀಸಾಗಿ ಬರುವುದಿಲ್ಲ. ನಮ್ಮಲ್ಲಿ ಮಕ್ಕಳಿಗೆ ತರೀಕೆರೆ ಏರಿ ಮೇಲೆ ಮೂರು ಕರಿ ಕುರಿಮರಿ ಎಂದು ಹೇಳಿಸುವಂತೆ, ಇಲ್ಲಿ ಹದಿನಾರು ನ್ಯಾಯಾಧೀಶರು ನೇಣಿಗೇರಿದವನ ಯಕೃತ್ತು ತಿನ್ನುವ ಒಂದು ಸಾಲನ್ನು ಹೇಳಿಸುತ್ತಾರೆ. ‘ಜ’ಕಾರ ಮೂರು ಬಗೆಯಾಗಿ ಹೊರಳಬೇಕು. ನಾನು ನಾಲ್ಕನೆಯ ಪದಕ್ಕೇ ಬಿದ್ದೆ. ನನ್ನ ಪಕ್ಕದ, ಮೂವತ್ತು ವರ್ಷದಿಂದ ಇಲ್ಲಿಯೇ ಇರುವ ಗ್ರನಾದಾ ಕಡೆಯ ಹೆಂಗಸು ಎರಡನೆಯದಕ್ಕೇ ಬಿದ್ದರು. ಬಿದ್ದರೂ ಆಡುತ್ತಲೇ ಇರುವುದಕ್ಕೆ ಎಂಥ ಎದೆ ಬೇಕೆಂದು ಆ ದಿನ ಗೊತ್ತಾಯಿತು. ಆದರೆ ಮೊಂತಿಯಾ ಮೇಲಿನ ಒಂದು ಟೀಕೆಯನ್ನು ನಾನು ತಳ್ಳಿಹಾಕಲಾರೆ. ಸರ್ಕಾರಿ ಶಾಲೆಯಲ್ಲಿ ಎಲ್ಲರ ಮಕ್ಕಳೂ ಕತಲಾನ್ ಮಾಧ್ಯಮದಲ್ಲಿ ಕಲಿಯಬೇಕೆಂಬ ನೀತಿಯ ಮುಖ್ಯಸ್ಥರು ತಮ್ಮ ಮಕ್ಕಳನ್ನು ಕಳುಹಿಸಿದ್ದು ಜರ್ಮನ್ ಶಾಲೆಗೆ. ಕನ್ನಡ ಮಾಧ್ಯಮದ ಭಾಷಣ ಮುಗಿಸಿ ಮೊಮ್ಮಕ್ಕಳ ಕಾನ್ವೆಂಟಿನ ಕಡೆಗೆ ಕಾರು ತಿರುಗಿಸುವವರನ್ನು ನೀವು ಎಷ್ಟು ಕಂಡಿಲ್ಲ!

ಅವರ ಚುನಾವಣಾ ಘೋಷಣೆ ‘ಮಾತಲ್ಲ, ಕೆಲಸ’ ಎಂದಿತ್ತು. ಮೇಯರಿಗೆ ಅದು ಸರಿಯಾದ ಮಾತು. ಆದರೆ ಅಧ್ಯಕ್ಷರಾದ ಮೇಲೆ ಕೆಲಸ ಕೈಗೆ ಸಿಗುವ ಮೊದಲೇ ಕಷ್ಟಗಳು ಬಂದವು. 2007ರ ಜುಲೈಯಲ್ಲಿ ಬಾರ್ಸೆಲೋನಾಕ್ಕೆ ವಿದ್ಯುತ್ ಹೋಯಿತು. ಅದೇ ವರ್ಷ ವೇಗದ ರೈಲುಮಾರ್ಗದ ಕಾಮಗಾರಿಯಿಂದ ಉಪನಗರ ರೈಲುಗಳು ವಾರಗಟ್ಟಲೆ ಅಸ್ತವ್ಯಸ್ತವಾದವು. ರೈಲು ಕೇಂದ್ರದ್ದು, ಬೈಗುಳ ಇವರಿಗೆ. 2008ರ ಬರಗಾಲದಲ್ಲಿ ಕುಡಿಯುವ ನೀರನ್ನು ಹಡಗಿನಲ್ಲಿ ತರಿಸಬೇಕಾಯಿತು. ನೀರಿನಿಂದ ನೆಲ ಕಳೆದುಕೊಂಡ ಸೀಮೆಯವರು ನೀರಿಗಾಗಿ ಹಡಗು ಕಾಯುವಂತಾದದ್ದನ್ನು ಓದುವಾಗ ನನಗೆ ಹೇಗೋ ಆಯಿತು.

ಎಲ್ಲಕ್ಕಿಂತ ದೊಡ್ಡ ಪೆಟ್ಟು ಬಿದ್ದದ್ದು ಕತಲೋನಿಯಾದ ಸ್ವಾಯತ್ತ ಶಾಸನದ, ಅಂದರೆ ಅದರ ಸರ್ಕಾರಕ್ಕೆ ಯಾವ ಅಧಿಕಾರಗಳಿವೆ ಎಂದು ಹೇಳುವ ಮೂಲ ಕಾನೂನಿನ, ವಿಷಯದಲ್ಲಿ. 2006ರ ಜೂನ್‌ನಲ್ಲಿ ಜನಮತಗಣನೆಯಲ್ಲಿ ಒಪ್ಪಿಗೆ ಪಡೆದಿದ್ದ ಆ ಶಾಸನವನ್ನು ಕೇಂದ್ರದ ಪ್ರತಿಪಕ್ಷ ಸಂವಿಧಾನ ನ್ಯಾಯಾಲಯಕ್ಕೆ ಒಯ್ದಿತ್ತು. ಜನರ ಮನಸ್ಸು ಸ್ಪೇನಿನಿಂದ ದೂರವಾಗುತ್ತಿದೆಯೆಂದು ಮೊಂತಿಯಾ 2007ರಲ್ಲಿಯೇ ಮಾದ್ರಿದಿಗೆ ಹೋಗಿ ಎಚ್ಚರಿಸಿದರು. ಮಾತು ಕಡಿಮೆಯ ಮನುಷ್ಯ ಆಡಿದ ತೂಕದ ಮಾತು ಅದು, ಕೇಳಿದವರಿಲ್ಲ. ನಾಲ್ಕು ವರ್ಷದ ವಿಚಾರಣೆಯ ನಂತರ, 2010ರ ಜೂನ್ 28ರಂದು, ನ್ಯಾಯಾಲಯ 14 ವಿಧಿಗಳನ್ನು ಪೂರ್ತಿಯಾಗಿಯೋ ಭಾಗಶಃವೋ ರದ್ದುಮಾಡಿ, 27 ವಿಧಿಗಳಿಗೆ ತನ್ನದೇ ಅರ್ಥ ವಿಧಿಸಿತು. ಜುಲೈ 10ರಂದು ಬಾರ್ಸೆಲೋನಾದ ಬೀದಿಗಳು ಜನರಿಂದ ತುಂಬಿದವು. ಅಧ್ಯಕ್ಷರು ದೊಡ್ಡ ಕತಲಾನ್ ಬಾವುಟದ ಹಿಂದೆ ನಡೆದರು, ಮತ್ತು ಸ್ವಾತಂತ್ರ್ಯ ಬೇಕೆಂದು ಕೂಗುತ್ತಿದ್ದವರ ಬೈಗುಳ ಕೇಳಿಕೊಂಡು ಕಾವಲಿನ ನಡುವೆ ಹೊರಬರಬೇಕಾಯಿತು. ಅತ್ತ ಮಾದ್ರಿದಿಗೆ ಅವರು ಅತಿಯಾದ ಕತಲಾನ್, ಇತ್ತ ಈ ಜನಕ್ಕೆ ಸಾಲದಷ್ಟು ಕತಲಾನ್. ಪುರಸಭೆಯಲ್ಲಿ ಇಬ್ಬರ ಜಗಳವನ್ನು ಚರಂಡಿಯ ಅಳತೆ ಹಿಡಿದು ಬಗೆಹರಿಸಬಹುದು. ಇದಕ್ಕೆ ಯಾವ ಅಳತೆಗೋಲೂ ಅವರ ಬಳಿ ಇರಲಿಲ್ಲವೆಂದು ನನ್ನ ಅಭಿಪ್ರಾಯ. ಅದೇ ನವೆಂಬರಿನ ಚುನಾವಣೆಯಲ್ಲಿ ಪಕ್ಷ 28ಕ್ಕೆ ಇಳಿಯಿತು, ರಾಷ್ಟ್ರೀಯವಾದಿಗಳು 62ಕ್ಕೆ ಏರಿದರು. ಮೊಂತಿಯಾ ಶಾಸಕ ಸ್ಥಾನವನ್ನೂ ಬಿಟ್ಟು ಪಕ್ಕಕ್ಕೆ ಸರಿದರು. ಮುಂದೆ ಸೆನೆಟರ್ ಆಗಿದ್ದಾಗ, 2017ರ ಅಕ್ಟೋಬರಿನಲ್ಲಿ, ಕತಲೋನಿಯಾದ ಸ್ವಾಯತ್ತ ಆಡಳಿತವನ್ನು ಕೇಂದ್ರ ವಹಿಸಿಕೊಳ್ಳುವ ನಿರ್ಣಯಕ್ಕೆ ಅವರ ಪಕ್ಷ ಬೆಂಬಲ ಕೊಟ್ಟರೂ ಇವರು ಮತ ಹಾಕದೆ ಸಭಾಂಗಣದಿಂದ ಎದ್ದು ಹೋದರು.

ಇಷ್ಟು ಓದಿ ನೀವು ಇನ್ನೊಂದು ಪ್ರಶ್ನೆ ಕೇಳುತ್ತೀರೆಂದು ಗೊತ್ತು, ಅವರನ್ನು ಗೆಲ್ಲಿಸಿದ್ದು ‘ನಮ್ಮವನು’ ಎನ್ನುವ ಅವರ ಕಡೆಯ ವಲಸಿಗರೇ ಎಂದು. ಕೊರ್ನೆಲ್ಯಾದ ಮಟ್ಟಿಗೆ ಹೌದೆನ್ನಬಹುದು. ಆದರೆ ಮೇಲಿನ ಅಜ್ಜಿಯನ್ನು ಕೇಳಿದಾಗ ಅವರು ಕತಲಾನ್, ಸ್ಪ್ಯಾನಿಷ್ ಎಂಬುದರ ಗೋಜಿಗೇ ಹೋಗಲಿಲ್ಲ. ‘ದಾರಿಯಲ್ಲಿ ಸಿಕ್ಕಿದರೆ ನಗುತ್ತಿರಲಿಲ್ಲ, ಆದರೆ ನಿಂತು ಕೇಳುತ್ತಿದ್ದರು’ ಎಂದರು. ಅವರಿಗೆ ನಮ್ಮ ಲಿಂಗನಮಕ್ಕಿಯ ಕಥೆ ಹೇಳಿದ್ದೇನೆ. ಬೇಸಿಗೆಯಲ್ಲಿ ನೀರಿಳಿದಾಗ ಮಡೆನೂರಿನ ಹಳೆಯ ಅಣೆಕಟ್ಟು ಮೇಲೆ ಕಾಣುತ್ತದೆ ಎಂದರೆ ನಂಬಲೊಲ್ಲರು. ಈ ಸಲ ನೀರು ಇಳಿದ ಕೂಡಲೇ ಅಣ್ಣನಿಂದ ಒಂದೆರಡು ಚಿತ್ರ ತೆಗೆಸಿ ಕಳುಹಿಸಿರಿ, ಅವರಿಗೆ ತೋರಿಸಬೇಕು.

ದೊಡ್ಡಮ್ಮನಿಗೆ ನಮಸ್ಕಾರ ತಿಳಿಸಿರಿ.

ನಿಮ್ಮ ಕೂಸು