ಮಗಳಿಗೊಂದು ಪತ್ರ: ಲೆಸ್ಟರ್ ಯಂಗ್ ಬಿಟ್ಟುಕೊಡದ ನಾದ

ಪ್ರೀತಿಯ ಪುಟ್ಟಿ,

ನಿನ್ನ ಸ್ಯಾಕ್ಸೋಫೋನ್ ನಾದ ತೆಳು, ಉಳಿದವರ ಹಾಗೆ ತುಂಬಿಸಿ ನುಡಿಸು ಅಂತ ಬ್ಯಾಂಡಿನಲ್ಲಿ ಹೇಳಿದರು ಅಂದೆಯಲ್ಲ. ಆಗಿನಿಂದ ನನಗೆ ಜ್ಯಾಝ್ ಸಂಗೀತದ ಸ್ಯಾಕ್ಸೋಫೋನ್ ವಾದಕ ಲೆಸ್ಟರ್ ಯಂಗ್‌ನದೇ ನೆನಪು.

ಅವನು ಹುಟ್ಟಿದ್ದು 1909ರಲ್ಲಿ, ಅಮೆರಿಕದ ಮಿಸಿಸಿಪ್ಪಿಯಲ್ಲಿ. ಅಪ್ಪನದೇ ಬ್ಯಾಂಡು, ಮಕ್ಕಳೆಲ್ಲ ಅದರಲ್ಲೇ. ಮೊದಲು ಡ್ರಮ್ಸ್ ಬಾರಿಸುತ್ತಿದ್ದ, ಆಮೇಲೆ ಸ್ಯಾಕ್ಸೋಫೋನ್ ಹಿಡಿದ. ಫ್ರ್ಯಾಂಕಿ ಟ್ರಂಬಾವರ್ ಅಂದರೆ ಅವನಿಗೆ ಪ್ರಾಣ. ಟ್ರಂಬಾವರ್ ನುಡಿಸುತ್ತಿದ್ದದ್ದು ಟೆನರ್ ಅನ್ನೋ ತಗ್ಗು ದನಿಯ ಸ್ಯಾಕ್ಸೋಫೋನ್‌ಗಿಂತ ಸ್ವಲ್ಪ ಚಿಕ್ಕದಾದ ಸಿ-ಮೆಲೊಡಿ ಸ್ಯಾಕ್ಸೋಫೋನ್. ಆ ಹಗುರ ನಾದವನ್ನು ಟೆನರ್‌ನಲ್ಲಿ ತರಬೇಕು ಅನ್ನೋದೇ ಇವನ ಹಟ.

ಆಗ ಟೆನರ್ ಅಂದರೆ ಕೋಲ್ಮನ್ ಹಾಕಿನ್ಸ್. ಗಟ್ಟಿ, ತುಂಬು ನಾದ. 1934ರಲ್ಲಿ ಹಾಕಿನ್ಸ್ ಯುರೋಪಿಗೆ ಹೋದಾಗ ಫ್ಲೆಚರ್ ಹೆಂಡರ್ಸನ್ ಬ್ಯಾಂಡಿನಲ್ಲಿ ಆ ಜಾಗಕ್ಕೆ ಲೆಸ್ಟರ್ ಬಂದ. ಜೊತೆಯವರಿಗೆ ಹಿಡಿಸಲೇ ಇಲ್ಲ. ಉಳಿದುಕೊಂಡಿದ್ದು ಹೆಂಡರ್ಸನ್ ಮನೆಯಲ್ಲೇ. ಬೆಳಗಾದರೆ ಸಾಕು, ಹೆಂಡರ್ಸನ್ ಹೆಂಡತಿ ಇವನನ್ನು ಎಬ್ಬಿಸಿ ಹಾಕಿನ್ಸ್ ರೆಕಾರ್ಡ್ ಹಾಕುತ್ತಿದ್ದರು. ಹೀಗೆ ನುಡಿಸಬಾರದಾ ಅಂತ! ಅವರ ಮನಸ್ಸು ನೋಯಿಸಬಾರದು ಅಂತ ಸುಮ್ನೆ ಕೂತು ಕೇಳುತ್ತಿದ್ದ. ನುಡಿಸುವಾಗ ಮಾತ್ರ ತನ್ನದೇ ನಾದ. ಕೆಲವೇ ತಿಂಗಳಲ್ಲಿ ಬಿಟ್ಟು ಹೊರಟ. ಹೊರಡುವಾಗ, ಇವನನ್ನು ನಾವು ಕೆಲಸದಿಂದ ತೆಗೆದಿಲ್ಲ ಅಂತ ಹೆಂಡರ್ಸನ್‌ರಿಂದ ಒಂದು ಕಾಗದ ಕೇಳಿದ. ಅವನು ಆ ಕಾಗದ ಕೇಳಿದ್ದು ನನಗೆ ಬಹಳ ಇಷ್ಟ. ಜಗಳ ಆಡಲಿಲ್ಲ, ಮರ್ಯಾದೆಯನ್ನೂ ಬಿಟ್ಟುಕೊಡಲಿಲ್ಲ.

ಎರಡು ವರ್ಷಕ್ಕೆ, 1936ರಲ್ಲಿ, ಪಿಯಾನೋ ವಾದಕ, ಬ್ಯಾಂಡಿನ ನಾಯಕ ಕೌಂಟ್ ಬೇಸಿ ಜೊತೆ ಅವನ ಮೊದಲ ರೆಕಾರ್ಡಿಂಗ್ ಆಯಿತು. ಯಾರಿಗೂ ಬೇಡವಾಗಿದ್ದ ಆ ನಾದವನ್ನೇ ಆಮೇಲೆ ಎಷ್ಟೋ ಹುಡುಗರು ಕಲಿಯೋಕೆ ಹೊರಟರು. 'ಪ್ರೆಸ್', ಅಂದರೆ ಪ್ರೆಸಿಡೆಂಟ್ ಅಂತ ಅವನನ್ನು ಕರೆದದ್ದು ಗಾಯಕಿ ಬಿಲ್ಲಿ ಹಾಲಿಡೇ. 1937ರಿಂದ ಆಕೆಯ ಹಾಡುಗಳಿಗೆ ಅವನು ನುಡಿಸಿದ್ದನ್ನು ಕೇಳಬೇಕು ನೀನು. ಹಾಡುವವರ ಮೇಲೆ ಹೋಗೋದಿಲ್ಲ, ಸಾಲಿನ ಕೊನೆಯಲ್ಲಿ ಮೆಲ್ಲಗೆ ಮಾತು ಸೇರಿಸುತ್ತಾನೆ. ಹಾಡಿನ ಸಾಹಿತ್ಯ ಗೊತ್ತಿರಬೇಕು ಅನ್ನುತ್ತಿದ್ದ.

ಮುಂದಿನದು ಬರೆಯೋಕೆ ಸಂಕಟ. 1944ರಲ್ಲಿ ಸೈನ್ಯಕ್ಕೆ ಸೇರಿಸಿಕೊಂಡರು. ಗಾಂಜಾ, ನಿದ್ದೆಗುಳಿಗೆ ಸಿಕ್ಕಿತು ಅಂತ ಮರುವರ್ಷ ಸೈನಿಕ ವಿಚಾರಣೆ ನಡೆಸಿ ಜಾರ್ಜಿಯಾದ ಸೈನಿಕ ಸೆರೆಮನೆಗೆ ಹಾಕಿದರು. ಹೊರಗೆ ಬಂದ ಮೇಲೂ ಚೆನ್ನಾಗಿ ನುಡಿಸಿದ. ಆದರೆ ಕುಡಿತ ಜಾಸ್ತಿಯಾಯಿತು. 1959ರ ಮಾರ್ಚಿನಲ್ಲಿ ಹೋಗಿಬಿಟ್ಟ. ಐವತ್ತೂ ಆಗಿರಲಿಲ್ಲ.

1936ರ 'ಲೇಡಿ ಬಿ ಗುಡ್' ಮೊದಲು ಕೇಳು. ಅವನೊಬ್ಬನೇ ನುಡಿಸುವ ಸರದಿ ಹಾಡಿನ ಎರಡೇ ಸುತ್ತು. ಎಲ್ಲೆಲ್ಲಿ ನುಡಿಸದೆ ಬಿಡುತ್ತಾನೆ ಅನ್ನೋದನ್ನೂ ಗಮನಿಸು. ಆಮೇಲೆ ನಿನಗೆ ಹೇಗೆ ಬರುತ್ತೋ ಹಾಗೇ ಒಂದು ನುಡಿಸಿ ಕಳಿಸು. ಅಪ್ಪನೂ ಕೇಳಬೇಕಂತೆ.

ನಿನ್ನ ಅಮ್ಮ