ಥೀಸಿಸ್ ಮುಗಿಯಿತು, ಇನ್ನು ಥ್ಯಾಂಕ್ಸ್ ಹೇಳುವ ಸರದಿ

ಕಳೆದ ವಾರ ರಿಸಲ್ಟ್ ಬಂತು. ಹಳೆಯ ಐರಿಷ್ ಭಾಷೆಯಲ್ಲಿ ನನ್ನ ಎಂ.ಎ. ಮುಗಿಯಿತು. "ಅದನ್ನ ಓದಿ ಏನ್ಮಾಡ್ತೀಯ?" ಅಂತ ಕೇಳಿದವರಿಗೆ ಕೊಡಲು ನನ್ನ ಹತ್ತಿರ ಈಗಲೂ ಒಳ್ಳೆಯ ಉತ್ತರ ಇಲ್ಲ. ಆದರೆ ನೆರವಾದವರ ಪಟ್ಟಿ ಮಾತ್ರ ಉದ್ದ ಇದೆ. ಅವರಲ್ಲಿ ಕೆಲವರು ತೀರಿಕೊಂಡು ಸಾವಿರ ವರ್ಷ ದಾಟಿದೆ. ಅವರಿಂದಲೇ ಶುರು ಮಾಡುತ್ತೇನೆ.

ಸ್ವಿಟ್ಜರ್ಲೆಂಡಿನ ಸಾಂಕ್ಟ್ ಗಾಲೆನ್ ಮಠದ ಲೈಬ್ರರಿಯಲ್ಲಿ 904ನೇ ನಂಬರಿನ ಹಸ್ತಪ್ರತಿ ಇದೆ. 9ನೇ ಶತಮಾನದ ಮಧ್ಯಭಾಗದಲ್ಲಿ ಐರಿಷ್ ಸನ್ಯಾಸಿಗಳು ಬರೆದದ್ದು. ಒಳಗಿರುವುದು ಪ್ರಿಶಿಯನ್ ಎಂಬಾತನ ಲ್ಯಾಟಿನ್ ವ್ಯಾಕರಣ. ಲ್ಯಾಟಿನ್ ಅವರ ಮನೆಮಾತಲ್ಲವಲ್ಲ, ಅದಕ್ಕೇ ಸಾಲುಗಳ ನಡುವೆ, ಅಂಚಿನಲ್ಲಿ ಚಿಕ್ಕ ಅಕ್ಷರದಲ್ಲಿ ಅರ್ಥ, ವಿವರಣೆ ಬರೆದಿಟ್ಟರು. ಇಂಥ ಟಿಪ್ಪಣಿಗಳು 9,400ಕ್ಕೂ ಜಾಸ್ತಿ ಇವೆ. ಮೂರರಲ್ಲಿ ಒಂದು ಪಾಲಿಗಿಂತ ಹೆಚ್ಚು ಐರಿಷ್‌ನಲ್ಲಿವೆ. ಯಾವ ಪದ ಯಾವುದಕ್ಕೆ ಸೇರಬೇಕು ಎಂದು ತೋರಿಸಲು ಪುಟ್ಟ ಚುಕ್ಕಿ, ಗೀಟುಗಳನ್ನೂ ಹಾಕಿದ್ದಾರೆ. ಈ ಪ್ರತಿ, ಇಂಥದೇ ಟಿಪ್ಪಣಿಗಳಿರುವ ವ್ಯೂರ್ಟ್ಸ್‌ಬುರ್ಗ್ ಮತ್ತು ಮಿಲಾನಿನ ಬೇರೆ ಹಸ್ತಪ್ರತಿಗಳು, ಇವು ಇಲ್ಲದಿದ್ದರೆ ಹಳೆಯ ಐರಿಷ್ ವ್ಯಾಕರಣ ನಮಗೆ ಸಿಗುತ್ತಲೇ ಇರಲಿಲ್ಲ. ಇಲ್ಲಿನ ಒಂದಿಷ್ಟು ಪುಟಗಳ ಟಿಪ್ಪಣಿಗಳೇ ನನ್ನ ಥೀಸಿಸ್ಸಿನ ವಿಷಯ.

ಇದೇ ಪ್ರತಿಯ ಅಂಚಿನಲ್ಲಿ ಯಾರೋ ನಾಲ್ಕು ಸಾಲಿನ ಪದ್ಯ ಬರೆದಿದ್ದಾರೆ. ಈ ರಾತ್ರಿ ಗಾಳಿ ಜೋರಾಗಿದೆ, ಕಡಲಿನ ಬಿಳಿ ಕೂದಲನ್ನು ಕೆದರುತ್ತಿದೆ, ಹಾಗಾಗಿ ಹಡಗಿನಲ್ಲಿ ಬಂದು ದೋಚುವ ವೈಕಿಂಗರ ಭಯ ಇಲ್ಲ ಅಂತ. ಅದೂ ವ್ಯಾಕರಣದ ಪುಸ್ತಕದಲ್ಲಿ! ಆ ಪುಣ್ಯಾತ್ಮನಿಗೆ ಮೊದಲ ನಮಸ್ಕಾರ.

ಎರಡನೆಯದು ನಮ್ಮ ಮೇಷ್ಟ್ರಿಗೆ. ಹೆಸರು ಹಾಕಬೇಡ ಅಂದಿದ್ದಾರೆ, ಹಾಕುವುದಿಲ್ಲ. ಹಳೆಯ ಐರಿಷ್ ಕ್ರಿಯಾಪದ ಎಂಥದು ಅಂತ ಸ್ವಲ್ಪ ಹೇಳಿದರೆ ಅವರ ತಾಳ್ಮೆ ನಿಮಗೂ ಅರ್ಥವಾಗುತ್ತದೆ. 'ಹೇಳುತ್ತಾನೆ' ಎನ್ನಲು 'ಅಸ್-ಬೆರ್'. 'ಹೇಳುವುದಿಲ್ಲ' ಎನ್ನಬೇಕಾದರೆ ಮುಂದೆ 'ನೀ' ಸೇರಿಸಿದರೆ ಆಯ್ತಲ್ಲ ಅಂದುಕೊಳ್ಳುತ್ತೀರಿ. ಇಲ್ಲ, ಅದು 'ನೀ-ಎಬಿರ್' ಆಗುತ್ತದೆ. ಮೊದಲನೆಯದರಲ್ಲಿ ಒತ್ತು 'ಬೆರ್' ಮೇಲೆ. 'ನೀ' ಬಂದ ಕೂಡಲೇ ಒತ್ತು 'ಅಸ್' ಎಂಬ ಉಪಸರ್ಗದ ಮೇಲೆ ಬೀಳುತ್ತದೆ, ಎರಡು ತುಂಡುಗಳೂ ಕರಗಿ ಒಂದಾಗುತ್ತವೆ. ಹೀಗೆ ಮುಖ ಬದಲಿಸುವ ಕ್ರಿಯಾಪದಗಳು ರಾಶಿ ರಾಶಿ ಇವೆ. 'ನನ್ನನ್ನು', 'ನಿನ್ನನ್ನು' ಎಂಬ ಸರ್ವನಾಮಗಳೂ ಸುಮ್ನೆ ಹೊರಗೆ ನಿಲ್ಲುವುದಿಲ್ಲ. ಕ್ರಿಯಾಪದದ ಹೊಟ್ಟೆಯೊಳಗೆ ಹೋಗಿ ಕೂರುತ್ತವೆ.

ಒಂದು ಕಡೆ ಮಾತ್ರ ನನಗೆ ಸಲೀಸಾಯಿತು. ಕೆಲವು ಪದಗಳಾದ ಮೇಲೆ ಬಂದಾಗ ಕ, ತ, ಪ ದನಿಗಳು ಗ, ದ, ಬ ಆಗುತ್ತವೆ, ಆದರೆ ಬರಹದಲ್ಲಿ ಬದಲಾಗುವುದಿಲ್ಲ ಅಂತ ಮೇಷ್ಟ್ರು ಹೇಳಿದಾಗ ತರಗತಿಯವರೆಲ್ಲ ಮುಖ ಮುಖ ನೋಡಿಕೊಂಡರು. ಮಳೆಗಾಲ, ಬೆಟ್ಟದಾವರೆ, ಕಂಬನಿ ಎಂದು ಆದೇಶ ಸಂಧಿ ಬಾಯಿಪಾಠ ಮಾಡಿದವನಿಗೆ ಇದೇನು ಮಹಾ! ಎರಡರ ಕಾರಣಗಳು ಬೇರೆ ಬೇರೆ, ನಂಟೇನೂ ಇಲ್ಲ. ಆದರೂ ಹೈಸ್ಕೂಲಿನ ಕನ್ನಡ ಮೇಡಂಗೆ ಇಲ್ಲಿಂದಲೇ ಒಂದು ಥ್ಯಾಂಕ್ಸ್.

ಕೋರ್ಸಿನ ನಡುವೆ ನನ್ನ ಸಾಫ್ಟ್‌ವೇರ್ ಕೆಲಸ ಹೋಯಿತು. ಡಬ್ಲಿನ್ನಿನಲ್ಲಿ ಬಾಡಿಗೆ ಎಷ್ಟು ಅಂತ ಇಲ್ಲಿರುವ ಕನ್ನಡದವರಿಗೆ ಗೊತ್ತು. ಅದರ ಮೇಲೆ ಫೀಸು. ಬಿಟ್ಟುಬಿಡೋಣ ಅಂತ ನಾನೇ ಹೇಳಿದ್ದೆ. "ಇಷ್ಟು ದೂರ ಬಂದು ಬಿಡೋದಾ?" ಅಂತ ಹೆಂಡತಿ ಒಂದೇ ಮಾತು ಹೇಳಿ, ತನ್ನ ಸಂಬಳದಲ್ಲಿ ಮನೆ ನಡೆಸಿದಳು. ಓದಿನ ಗುಂಪಿನ ಗೆಳೆಯರು ಪುಸ್ತಕಗಳನ್ನು ಕೊಟ್ಟು ವಾಪಸ್ ಕೇಳುವುದನ್ನೇ ಮರೆತರು. ಮರೆತಂತೆ ನಟಿಸಿದರು ಅನ್ನಬೇಕು.

ಆ ದಿನಗಳಲ್ಲಿ ಪುಕ್ಕಟೆ ಸಿಕ್ಕಿದ್ದೆಲ್ಲ ದೊಡ್ಡದಾಗಿ ಕಂಡಿತು. ಸಾಂಕ್ಟ್ ಗಾಲೆನ್ ಪ್ರತಿಯ ಪುಟಗಳೆಲ್ಲ ಇಂಟರ್ನೆಟ್‌ನಲ್ಲಿ ಉಚಿತ. ಡಬ್ಲಿನ್ನಿನ ಉನ್ನತ ಅಧ್ಯಯನ ಸಂಸ್ಥೆಯವರು ಎಷ್ಟೋ ಐರಿಷ್ ಹಸ್ತಪ್ರತಿಗಳ ಫೋಟೋಗಳನ್ನು ಹಾಗೇ ತೆರೆದಿಟ್ಟಿದ್ದಾರೆ. ರಾಯಲ್ ಐರಿಷ್ ಅಕಾಡೆಮಿಯ ನಿಘಂಟೂ ಉಚಿತ. ಆ ನಿಘಂಟಿನ ಮೊದಲ ಭಾಗ ಬಂದದ್ದು 1913ರಲ್ಲಿ, ಅದೂ ಡಿ ಅಕ್ಷರದಿಂದ. ಕೊನೆಯ ಭಾಗ ಬಂದದ್ದು 1976ರಲ್ಲಿ. ಶುರು ಮಾಡಿದವರು ಮುಗಿದದ್ದನ್ನು ನೋಡಲಿಲ್ಲ.

ಕೆಲಸ ಇಲ್ಲದ ಆ ತಿಂಗಳುಗಳಲ್ಲಿ ನನಗೆ ಧೈರ್ಯ ಕೊಟ್ಟ ಇನ್ನೊಬ್ಬ ವಿಟ್ಲಿ ಸ್ಟೋಕ್ಸ್. ಡಬ್ಲಿನ್ನಿನಲ್ಲಿ ಹುಟ್ಟಿದ ವಕೀಲ. 1862ರಲ್ಲಿ ಮದ್ರಾಸಿಗೆ ಬಂದ, ಆಮೇಲೆ ಕಲ್ಕತ್ತೆ. 1877ರಿಂದ 1882ರವರೆಗೆ ವೈಸರಾಯ್ ಕೌನ್ಸಿಲ್‌ನ ಕಾನೂನು ಸದಸ್ಯ. ಆಸ್ತಿ ವರ್ಗಾವಣೆ ಕಾಯ್ದೆ ಬಂದದ್ದೂ ಆತನ ಕಾಲದಲ್ಲೇ. ಈಗಲೂ ಸೈಟು ಮಾರುವಾಗ, ಕೊಳ್ಳುವಾಗ ನಾವು ಅದರ ಕೆಳಗೇ ಬರುತ್ತೇವೆ. ಇಷ್ಟೆಲ್ಲದರ ನಡುವೆ ಆತ ಹಳೆಯ ಐರಿಷ್ ಪಠ್ಯಗಳನ್ನು ಸಂಪಾದಿಸುತ್ತಲೇ ಇದ್ದ. ಕೊರ್ಮಾಕ್‌ನ ಪ್ರಾಚೀನ ಐರಿಷ್ ಪದಕೋಶದ ಇಂಗ್ಲಿಷ್ ಅನುವಾದ ಆತನ ಸಂಪಾದನೆಯಲ್ಲಿ 1868ರಲ್ಲಿ ಅಚ್ಚಾದದ್ದು ಕಲ್ಕತ್ತೆಯಲ್ಲಿ! ಮುಂದೆ 1901ರಿಂದ 1903ರಲ್ಲಿ ಜಾನ್ ಸ್ಟ್ರಾಹನ್ ಜೊತೆ ಸೇರಿ ಈ ಟಿಪ್ಪಣಿಗಳನ್ನೆಲ್ಲ ಎರಡು ಸಂಪುಟಗಳಲ್ಲಿ ಕೊಟ್ಟ. ನನ್ನ ಮೇಜಿನ ಮೇಲೆ ಹೆಚ್ಚು ಹೊತ್ತು ತೆರೆದಿದ್ದ ಪುಸ್ತಕ ಅದೇ. ವಸಾಹತು ಸರ್ಕಾರದ ದೊಡ್ಡ ಅಧಿಕಾರಿ ಅನ್ನುವುದನ್ನು ನಾನು ಮರೆತಿಲ್ಲ. ಆದರೂ ಆಫೀಸು ಮುಗಿಸಿ ಬಂದು ಓದುವವನಿಗೆ ಆತ ಹತ್ತಿರದವನು ಅನಿಸುತ್ತಾನೆ. 1853ರಲ್ಲಿ ಐರಿಷ್ ಸೇರಿದಂತೆ ಕೆಲ್ಟಿಕ್ ಭಾಷೆಗಳ ವ್ಯಾಕರಣ ಬರೆದು ಈ ವಿದ್ಯೆಗೆ ಅಡಿಪಾಯ ಹಾಕಿದ ಯೋಹಾನ್ ಕಾಸ್ಪರ್ ಝಾಯ್ಸ್ ಕೂಡ ಬವೇರಿಯಾದಲ್ಲಿ ಪಾಠ ಹೇಳುತ್ತಿದ್ದ ಮೇಷ್ಟ್ರು. ಪುಸ್ತಕ ಬಂದು ಮೂರೇ ವರ್ಷಕ್ಕೆ ತೀರಿಹೋದ.

ಈಗ ಹೊಸ ಕೆಲಸ ಸಿಕ್ಕಿದೆ. ಓದಿನ ಗುಂಪು ಮುಂದಿನ ತಿಂಗಳು ಮಕ್ ದಾಥೋನ ಹಂದಿಯ ಕಥೆ ಶುರು ಮಾಡುತ್ತಿದೆ. ಔತಣದಲ್ಲಿ ಹಂದಿಯನ್ನು ಕತ್ತರಿಸಿ ಹಂಚುವ ಗೌರವ ಯಾರಿಗೆ ಅಂತ ವೀರರೆಲ್ಲ ಕಿತ್ತಾಡುವ ಕಥೆ ಅದು. ನಾನೂ ಹೋಗುತ್ತೇನೆ. ಊರಿನಲ್ಲಿರುವ ಅಮ್ಮ ಪ್ರತಿ ಭಾನುವಾರ ಫೋನ್ ಮಾಡಿ "ಈ ವಾರ ಏನು ಓದಿದೆ?" ಅಂತ ಕೇಳುತ್ತಾ ಬಂದಿದ್ದಾಳೆ. ಅವಳಿಗೂ ಥ್ಯಾಂಕ್ಸ್. ಈ ಸಲ ಮಾತ್ರ ಕಥೆಯನ್ನು ಸ್ವಲ್ಪ ಎಡಿಟ್ ಮಾಡಿ ಹೇಳಬೇಕು. ನಮ್ಮದು ಮೊಟ್ಟೆಯೂ ಬಾರದ ಮನೆ.